ಹಸಿರು ಬೆನ್ನಿನ ಪುಸ್ತಕಗಳು

ಮಾಸ್ತರರ ಪುಸ್ತಕಗಳನ್ನು ನಾನು ಯಾವತ್ತೂ ನೆಟ್ಟಗೆ ಮೊದಲ ಪುಟದಿಂದ ಓದಿದವಳಲ್ಲ. ಒಂದನೇ ಪುಟದ ಪಕ್ಕ ಹದಿನಾರು, ಅದರ ನೆತ್ತಿಗೆ ನೆತ್ತಿ ಹಚ್ಚಿ ತಲೆಕೆಳಗಾಗಿ ಎಂಟು, ಒಂಬತ್ತು. ಅಚ್ಚಾದ ಹಾಳೆ ಬೈಂಡಿಂಗಿನವರ ಮನೆಗೆ ಬರುವುದೇ ಹಾಗೆ. ದೊಡ್ಡದೊಂದು ಹಾಳೆ, ಎರಡೂ ಮಗ್ಗುಲು ಸೇರಿ ಹದಿನಾರು ಪುಟ. ಅದಕ್ಕೆ ಫಾರ್ಮು ಅನ್ನುತ್ತಾರೆ. ಮೂರು ಮಡಿಕೆ ಸರಿಯಾಗಿ ಬಿದ್ದರೆ ಪುಟಗಳೆಲ್ಲ ಸಾಲಾಗಿ ನಿಲ್ಲುತ್ತವೆ, ತಪ್ಪಿದರೆ ಅಬ್ಬಾನ ಬೈಗುಳ.

ಬೆಟಗೇರಿಯ ನಮ್ಮ ಮನೆಯಲ್ಲಿ ಹೊಲಿಗೆ, ರಟ್ಟು, ಅಂಟು ಎಲ್ಲ ಅಬ್ಬಾನದು. ಮಡಿಕೆ ನನ್ನದು. ಹತ್ತು ವರ್ಷದವಳಿದ್ದಾಗಲೇ ಕಾಲು ಚಾಚಿ ಕೂತು, ತೊಡೆಯ ಮೇಲೆ ಒಂದು ದಪ್ಪ ರಟ್ಟು ಇಟ್ಟುಕೊಂಡು, ಬಿದಿರು ಪಟ್ಟಿಯಿಂದ ಎಳೆದು ಎಳೆದು ಮಡಿಕೆ ಹಾಕುತ್ತಿದ್ದೆ. ಕೈ ಮಡಚುತ್ತಿದ್ದರೆ ಕಣ್ಣು ಓದುತ್ತಿತ್ತು. ಒಮ್ಮೆ ಮಾಸ್ತರರ ಪತ್ತೇದಾರಿ ಕಾದಂಬರಿ ಬಂತು. ಕೊಂದವರು ಯಾರು ಅನ್ನುವುದು ಏಳನೇ ಫಾರ್ಮಿನಲ್ಲಿತ್ತು. ಆರರವರೆಗೆ ನನ್ನ ಪಾಲಿಗೆ ಬಂದವು, ಏಳನೆಯದನ್ನು ಅಬ್ಬಾ ಜಲ್ದಿ ಮುಗಿಯಲಿ ಅಂತ ಪಕ್ಕದ ಮನೆಗೆ ಮಡಚಲಿಕ್ಕೆ ಕೊಟ್ಟುಬಿಟ್ಟಿದ್ದ. ನನಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ, ಅವತ್ತು ಮಧ್ಯಾಹ್ನ ಊಟ ಮಾಡಲಿಲ್ಲ.

ಅದೇ ಮನುಷ್ಯ ಮುಂದಿನ ತಿಂಗಳು ದನಗಳ ಕಾಲುಬಾಯಿ ಬೇನೆಯ ಮೇಲೆ ಪುಸ್ತಕ ಬರೆದಿದ್ದರು! ಹಾಳೆ ಕೈಗೆ ಬಂದಾಗ ಹೆಸರು ಎರಡೆರಡು ಸಲ ನೋಡಿದೆ. ಆಮೇಲೆ ಮಕ್ಕಳ ಪದ್ಯ ಬಂದವು. ಅಣ್ಣತಮ್ಮಂದಿರ ಜಗಳದ ನಾಟಕ ಬಂತು. ಕಪ್ಪತಗುಡ್ಡದ ಬೇರುಬೊಡ್ಡೆಗಳ ಪುಸ್ತಕ, ಕಡಲೆ ಬೆಳೆಗೆ ಕೀಡೆ ಬಿದ್ದರೆ ಏನು ಮಾಡಬೇಕು ಅನ್ನುವ ಪುಸ್ತಕ, ಪತ್ರ ಬರೆಯುವುದು ಹೇಗೆ ಅನ್ನುವ ಪುಸ್ತಕ. ಆ ಕೊನೆಯದರಲ್ಲಿ ಸಿಟ್ಟಾದ ಅಳಿಯನಿಗೆ ಮಾವ ಬರೆಯುವ ಪತ್ರ ಒಂದಿತ್ತು, ಅದನ್ನು ಮಡಚುತ್ತ ನಾನು ನಕ್ಕು ನಕ್ಕು ಬಿದಿರು ಪಟ್ಟಿಯಿಂದ ಹಾಳೆ ಹರಿದೆ. ಅಬ್ಬಾ ಬಂದವನು ಬೈಯಲಿಕ್ಕೆ ಬಾಯಿ ತೆಗೆದು, ಪತ್ರ ಓದಿ, ತಾನೂ ನಕ್ಕ. "ಈ ಮನಷ್ಯಾಂದು ತಲಿ ಅಲ್ಲ ಬೇಟಾ, ಸಂತಿ ಐತಿ. ಏನ್ ಬೇಕು ಅದು ಸಿಗತೈತಿ" ಅಂದ.

ಮಾಸ್ತರರು ಮುಂಡರಗಿ, ಶಿರಹಟ್ಟಿ ಕಡೆಯ ಹಳ್ಳಿಗಳಲ್ಲಿ ಕಲಿಸಿ, ಕಡೆಗೆ ಬೆಟಗೇರಿಗೆ ಬಂದು ನಿಂತವರು. ಸೈಕಲ್ಲಿನ ಹ್ಯಾಂಡಲ್ಲಿಗೆ ಬಟ್ಟೆಯ ಚೀಲ, ಚೀಲದಲ್ಲಿ ಹುಡುಗರ ಹಳೆಯ ಪರೀಕ್ಷೆಯ ಪೇಪರುಗಳ ಕಟ್ಟು. ಅವುಗಳ ಬೆನ್ನ ಮೇಲೆಯೇ ಅವರ ಬರವಣಿಗೆ. ಯಾರು ಕೇಳಿದರೂ ಬರೆಯುತ್ತಿದ್ದರು, ಬರೆಯುವ ಮೊದಲು ಹೋಗಿ ನಿಂತು ನೋಡುತ್ತಿದ್ದರು. ದನಗಳ ಪುಸ್ತಕಕ್ಕಾಗಿ ಒಂದು ವರ್ಷ ಕಂಡವರ ಕೊಟ್ಟಿಗೆಯಲ್ಲಿ ನಿಂತು, ಹಿರೇಹಂದಿಗೋಳದ ಮುದುಕಿಯೊಬ್ಬಳಿಂದ "ಬರಕೊಳ್ಳೂದು ಸಾಕು, ಮೊದಲ ಎಮ್ಮಿ ಕಾಲ ಹಿಡಿ" ಅಂತ ಬೈಸಿಕೊಂಡಿದ್ದನ್ನು ತಾವೇ ಹೇಳಿಕೊಂಡು ನಗುತ್ತಿದ್ದರು. ಇಷ್ಟೆಲ್ಲ ಒಬ್ಬನೇ ಮನುಷ್ಯನ ಒಳಗೆ ಹೇಗೆ ಹಿಡಿದಿತ್ತು ಅಂತ ನನಗೆ ಆಗಲೂ ಬೆರಗು, ಈಗಲೂ ಬೆರಗು.

ಒಂದೇ ಒಂದು ಕೆಟ್ಟ ಚಟ. ಮನೆಗೆ ಬಂದವರನ್ನು ಬರಿಗೈಲಿ ಕಳಿಸುತ್ತಿರಲಿಲ್ಲ. ಚಹಾ ಕುಡಿದು ಏಳುವಷ್ಟರಲ್ಲಿ ಒಂದು ಪುಸ್ತಕ ಕೈಯಲ್ಲಿ ತುರುಕಿರುತ್ತಿದ್ದರು. ಊರಿಗೆ ಉಪಕಾರಿ, ಮನೆಗೆ ಮಾರಿ. ಅವರ ಕಪಾಟಿನಲ್ಲಿ ಅವರದೇ ಪುಸ್ತಕ ಇರುತ್ತಿರಲಿಲ್ಲ.

ಗದಗ ಹೊಸ ಜಿಲ್ಲೆಯಾದ ಹೊತ್ತು. ನನಗೆ ಮೂವತ್ತು ದಾಟಿತ್ತು, ಅಬ್ಬಾನ ಕೈ ನಡುಗುತ್ತಿದ್ದರಿಂದ ಹೊಲಿಗೆಯೂ ನನ್ನ ಪಾಲಿಗೆ ಬಂದಿತ್ತು. ಊರ ತುಂಬ ಹೊಸ ಕಚೇರಿಗಳು, ಹಳೆಯ ಬೋರ್ಡಿನ ಮೇಲೆ ಹೊಸ ಬಣ್ಣ. ಅಂಥ ಒಂದು ಕಚೇರಿಯವರು ಜಿಲ್ಲೆಯ ಬರಹಗಾರರ ಪಟ್ಟಿ ಮಾಡುತ್ತಾರೆ, ಪುಸ್ತಕ ತಂದು ತೋರಿಸಬೇಕು ಅಂತ ಖಬರು ಬಂತು. ಮಾಸ್ತರರಿಗೆ ಆಗ ಕಣ್ಣು ಪೂರಾ ಮಂಜಾಗಿತ್ತು, ಬೆಳಕು ಕತ್ತಲೆ ಬಿಟ್ಟರೆ ಬೇರೇನೂ ಕಾಣುತ್ತಿರಲಿಲ್ಲ. "ಯವ್ವಾ, ನನ್ನ ಬುಕ್ಕು ನನಗಿಂತ ನಿನಗ ಗೊತ್ತು. ನೀನ ಬರಿ" ಅಂದರು. ಕೂತು ಬರೆದೆ. ಇಪ್ಪತ್ಮೂರು ಆದವು. ನಾವು ಬೈಂಡಿಂಗಿನವರು ಪ್ರತಿಯೊಂದರದೂ ಒಂದು ನಮೂನೆ ಇಟ್ಟುಕೊಳ್ಳುವ ರೂಢಿ, ಇಪ್ಪತ್ತೆರಡು ನಮ್ಮ ಅಟ್ಟದಲ್ಲೇ ಸಿಕ್ಕವು. ಸಿಗದೆ ಹೋದದ್ದು ಮೊದಲನೆಯದು, ಆ ರೂಢಿ ಬರುವ ಮುಂಚಿನ, ನನ್ನ ಅಜ್ಜನ ಕಾಲದ್ದು. ಇಪ್ಪತ್ತೆರಡನೇ ವಯಸ್ಸಿನಲ್ಲಿ ಅವರು ಮಾಡಿದ ಬೀಸುವ ಪದಗಳ ಪುಸ್ತಕ. ಅವರ ಅವ್ವ ಬೀಸುಕಲ್ಲಿನ ಮುಂದೆ ಕೂತು ಹಾಡಿದ್ದು, ಮಗ ಬರೆದುಕೊಂಡದ್ದು.

"ಹೋಗಲಿ ಬಿಡ್ರಿ ಮಾಸ್ತರ್ರ, ಇಪ್ಪತ್ತೆರಡು ಏನ್ ಕಡಿಮಿ ಆತೇನು?" ಅಂದೆ.

ಅವರು ಹೇಳಿದರು: "ಪಟ್ಟಿ ಹಾಳಾಗಿ ಹೋಗ್ಲಿ. ನನಗೊಂದು ಮಾತು ನೆನಪಾಗವಲ್ದು. ಆ ಬುಕ್ಕಿನ್ಯಾಗ ಎಲ್ಲೆರ ನಮ್ಮವ್ವನ ಹೆಸರು ಹಾಕೀನೋ ಇಲ್ಲೋ? ಹರೇದ ಸೊಕ್ಕು ನೋಡು, ನನ್ನ ಹೆಸರು ದೊಡ್ಡ ಅಕ್ಷರದಾಗ ಹಾಕ್ಸಿದ್ದು ನೆನಪೈತಿ. ಅಕೀದು ನೆನಪಿಲ್ಲ. ಸಾಯೂದ್ರಾಗ ಅದೊಂದು ಗೊತ್ತಾಗಬೇಕಲ್ಲ ಯವ್ವಾ."

ಮನೆಗೆ ಬಂದು ಅಬ್ಬಾನ ಮುಂದೆ ಇದನ್ನೆಲ್ಲ ಹೇಳಿದೆ. ಅಬ್ಬಾ ತುತ್ತು ಕೈಯಲ್ಲೇ ಹಿಡಿದು ಕೂತ. ಮರುದಿನ ನಮಾಜು ಮುಗಿಸಿ ಬಂದವನು ನನ್ನ ಕಣ್ಣು ನೋಡದೆ ಹೇಳಿದ: "ಆ ಬುಕ್ಕು ನಾನ ಹಾಳ ಮಾಡೀನಿ."

ಆದದ್ದು ಇಷ್ಟು. ಪ್ರೆಸ್ಸಿನವರು ಐನೂರು ಅಚ್ಚು ಹಾಕಿ ಮುನ್ನೂರು ಮಾತ್ರ ಕಟ್ಟಿಸಿದ್ದರು. ಮಿಕ್ಕ ಇನ್ನೂರರ ಫಾರ್ಮುಗಳು, ಒಂದನೆಯದರ ಗಂಟು, ಎರಡನೆಯದರ ಗಂಟು ಅಂತ ಆರು ಗಂಟಾಗಿ ನನ್ನ ಅಜ್ಜನ ಕಾಲದಿಂದ ಅಟ್ಟದ ಮೇಲೆ ಬಿದ್ದಿದ್ದವು. ನಾನಿನ್ನೂ ಚಿಕ್ಕವಳಿದ್ದಾಗ ಒಂದು ವರ್ಷ, ಶಾಲೆ ತೆರೆಯುವ ಮುಂಚೆ ಹುಬ್ಬಳ್ಳಿಯಿಂದ ರಟ್ಟು ಬರಲಿಲ್ಲ. ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿಯ ಜನ ಹಾಜರಿ ಪುಸ್ತಕ, ಭಜನೆ ಪುಸ್ತಕ ಅಂತ ಬಂದು ಬಾಗಿಲಲ್ಲಿ ನಿಂತಿದ್ದರು. ಬೈಂಡಿಂಗಿನವರಿಗೆ ರದ್ದಿ ಹಾಳೆ ಹತ್ತು ಒಂದರ ಮೇಲೊಂದು ಅಂಟಿಸಿ, ಕಲ್ಲು ಹೇರಿ, ಬಿಸಿಲಿಗಿಟ್ಟು ರಟ್ಟು ಮಾಡುವುದು ಗೊತ್ತಿದ್ದದ್ದೇ. ಅಬ್ಬಾ ಆರೂ ಗಂಟು ಬಿಚ್ಚಿದ. ಹಿಟ್ಟಿನ ಅಂಟು ಕುದಿಸಿದ. ಮಾಸ್ತರರ ಅವ್ವನ ಪದಗಳೆಲ್ಲ ಕಂಡವರ ಪುಸ್ತಕದ ರಟ್ಟಾಗಿ ಮೂರು ಊರಿಗೆ ಹಂಚಿಹೋದವು.

"ಹೆಸರು ನೋಡ್ಲಿಲ್ಲೇನು ಅಬ್ಬಾ? ಕಣ್ಣು ಎಲ್ಲಿ ಇಟ್ಟಿದ್ದಿ?" ಕೂಗಿದೆ ನಾನು, ಓಣಿಗೆ ಕೇಳುವ ಹಾಗೆ.

"ನೋಡೀನಿ ಬೇಟಾ. ಖರೆ ಹೇಳ್ತೀನಿ, ನೋಡೇ ಅಂಟು ಹಚ್ಚೀನಿ. ಬೀಸೂ ಪದ. ಮನಿಮನ್ಯಾಗ ಹೆಂಗಸ್ರು ಹಾಡ್ತಾರ, ಇವು ಎಲ್ಲಿ ಹೋಗ್ತಾವ ಅಂದ್ಕೊಂಡೆ. ಗಿರಣಿ ಬಂದು ಬೀಸೂಕಲ್ಲ ಹಿತ್ತಲದಾಗ ಬೀಳತಾವಂತ ಯಾರಿಗೆ ಗೊತ್ತಿತ್ತು?"

ನನ್ನ ಸಿಟ್ಟು ಅರ್ಧಕ್ಕೇ ನಿಂತಿತು. ಅವನು ಹೇಳಿದ್ದು ಸುಳ್ಳಲ್ಲ. ನನ್ನ ಅಮ್ಮಿಯೂ ಬೀಸುತ್ತ ಏನೋ ಹಾಡುತ್ತಿದ್ದಳು, ಅದರ ಒಂದು ಸಾಲೂ ನನಗೆ ಬರುವುದಿಲ್ಲ.

ಅಬ್ಬಾಗೆ ಒಂದು ಗುರುತು ನೆನಪಿತ್ತು. ಆ ವರ್ಷ ಕೆಂಪು ಬಟ್ಟೆ ಸಿಗದೆ ಪುಸ್ತಕಗಳ ಬೆನ್ನಿಗೆ ಹಸಿರು ಬಟ್ಟೆ ಹಾಕಿದ್ದ. ಅದೊಂದೇ ವರ್ಷ. ಹಸಿರು ಬೆನ್ನಿನ ಪುಸ್ತಕ ಕಂಡರೆ ಅದರ ರಟ್ಟಿನೊಳಗೆ ಮಾಸ್ತರರ ಅವ್ವ ಇದ್ದಾಳೆ ಅಂತ ತಿಳಿ ಅಂದ. ಅಂಟಿಗೆ ಮೈಲುತುತ್ತ ಹಾಕಿದ್ದರಿಂದ ಹುಳ ಮುಟ್ಟಿರುವುದಿಲ್ಲ, ಹಳೆಯ ಅಚ್ಚಿನ ಮಸಿ ನೀರಿಗೆ ಹೋಗುವುದಿಲ್ಲ. ಉಗುರುಬೆಚ್ಚಗಿನ ನೀರಿನಲ್ಲಿ ನೆನೆಸಿದರೆ ಹಾಳೆ ಬಿಡಿಸಬಹುದು.

ವಾರಕ್ಕೊಂದು ದಿನ ಬಸ್ಸು ಹತ್ತಿದೆ. ಲಕ್ಷ್ಮೇಶ್ವರದಲ್ಲಿ ನಿವೃತ್ತ ಶಿಕ್ಷಕರೊಬ್ಬರ ಮನೆಯಲ್ಲಿ ಹಳೆಯ ಹಾಜರಿ ಪುಸ್ತಕವೊಂದು ಹಿಟ್ಟಿನ ಡಬ್ಬಿಗೆ ಮುಚ್ಚಳವಾಗಿ ಕೂತಿತ್ತು. ಹಸಿರು ಬೆನ್ನು! ಹೊಸ ರಟ್ಟು ಹಾಕಿಕೊಡುತ್ತೇನೆ ಅಂತ ಹೇಳಿ ಹಳೆಯದನ್ನು ಬಿಚ್ಚಿ ತಂದೆ. ಮನೆಯ ಬುಟ್ಟಿಯ ನೀರಿನಲ್ಲಿ ಅದು ಉಬ್ಬಿ, ಅಂಚು ಸಡಿಲಾಗಿ, ಮೊದಲ ಹಾಳೆ ನನ್ನ ಬೆರಳಿಗೆ ಎದ್ದು ಬಂತು. ಅಕ್ಷರಗಳು ನಿನ್ನೆ ಅಚ್ಚು ಹಾಕಿದ ಹಾಗೆ ಕರ್ರಗೆ ಇದ್ದವು. ನನ್ನ ಮೈಮೇಲೆ ಮುಳ್ಳು ಎದ್ದವು. ಅಬ್ಬಾ ಅಂತ ಕೂಗಿದೆನೋ ಅಲ್ಲಾ ಅಂತ ಕೂಗಿದೆನೋ ತಿಳಿಯದು.

ಶಿರಹಟ್ಟಿಯಲ್ಲಿ ಭಜನೆಯ ಹಿರಿಯರು ಬಿಡಲೊಲ್ಲರು. "ಏನವ್ವಾ, ನಮ್ಮ ದೇವ್ರ ಬುಕ್ಕು ಹರಿಯಾಕ ಬಂದಿಯೇನು?" ಅಂದರು.

"ಹರಿಯೂದಿಲ್ಲ ಯಜ್ಜಾ. ಈ ರಟ್ಟಿನ್ಯಾಗ ಒಬ್ಬ ತಾಯಿ ಅದಾಳ, ಅಕಿನ್ನ ಹೊರಗ ತಗೀಬೇಕು" ಅಂತ ಇದ್ದದ್ದು ಇದ್ದಂತೆ ಹೇಳಿದೆ. ಮುದುಕರು ನನ್ನನ್ನು ಹುಚ್ಚಿ ಅಂದುಕೊಂಡಿರಬೇಕು. ಒಂದು ತಾಸು ಕೂಡ್ರಿಸಿ, ಪೂರಾ ಕಥೆ ಕೇಳಿ, ಕಡೆಗೆ ಪುಸ್ತಕವನ್ನು ಹಣೆಗೆ ಒತ್ತಿಕೊಂಡು ಕೊಟ್ಟರು. ಎಣ್ಣೆ, ಕುಂಕುಮ ಇಳಿದು ಮೇಲಿನ ನಾಲ್ಕು ಹಾಳೆ ಹಾಳಾಗಿದ್ದವು, ಐದನೆಯದು ನೆಟ್ಟಗಿತ್ತು.

ಮುಂಡರಗಿಯದೇ ನನ್ನನ್ನು ಬೆರಗುಗೊಳಿಸಿದ್ದು. ಅಲ್ಲಿ ಹಾರ್ಮೋನಿಯಂ ಬಾರಿಸುತ್ತ ನಾಟಕ ಕಲಿಸುವ ಪೇಟಿ ಮಾಸ್ತರರೊಬ್ಬರ ಹತ್ತಿರ ಕೈಬರಹದ ನಾಟಕದ ಪ್ರತಿಯೊಂದು ಹಸಿರು ಬೆನ್ನಿನದು ಇತ್ತು. ತೆರೆದು ನೋಡಿದರೆ ಅದೇ ಅಣ್ಣತಮ್ಮಂದಿರ ನಾಟಕ, ಅಚ್ಚಿಗೆ ಬರುವ ಮುಂಚಿನ ಪ್ರತಿ! ಒಳಗೆ ನಮ್ಮ ಮಾಸ್ತರರ ನಾಟಕ, ಹೊರಗೆ ಅವರದೇ ಮೊದಲ ಪುಸ್ತಕದ ರಟ್ಟು. ಮಗನ ಮಾತುಗಳನ್ನು ಅವ್ವ ಇಪ್ಪತ್ತು ವರ್ಷ ಹೊರಗಿನಿಂದ ಹಿಡಿದುಕೊಂಡು ಕೂತಿದ್ದಳು. ಬಸ್‌ಸ್ಟ್ಯಾಂಡಿನಲ್ಲಿ ಕೂತು ನಾನು ಅತ್ತೆ. ಪಕ್ಕದ ಹೆಂಗಸು ಬಾಳೆಹಣ್ಣು ಕೊಟ್ಟಳು.

ಗಂಟು ಗಂಟಾಗಿ ಅಂಟಿಸಿದ್ದರಿಂದ ಒಂದು ರಟ್ಟಿನಲ್ಲಿ ಒಂದೇ ಫಾರ್ಮು ಹತ್ತು ಸಲ ಸಿಗುತ್ತಿತ್ತು. ಮೂರನೆಯದು ನಮ್ಮ ಮನೆಯಲ್ಲಿ ರಾಶಿಬಿತ್ತು. ಒಂದು, ಎರಡು, ಐದು, ಆರು ಬಂದವು. ನಾಲ್ಕನೆಯದು, ನಲವತ್ತೊಂಬತ್ತರಿಂದ ಅರವತ್ತನಾಲ್ಕರವರೆಗಿನ ಪುಟ, ಎಲ್ಲೂ ಇಲ್ಲ. ಬಂದ ಪುಟಗಳಲ್ಲೆಲ್ಲ ನಾನು ಹುಡುಕಿದ್ದು ಅವ್ವನ ಹೆಸರು. ಮೊದಲ ಪುಟದಲ್ಲಿ ಮಾಸ್ತರರ ಹೆಸರು, ಹೇಳಿದ ಹಾಗೇ ದೊಡ್ಡ ಅಕ್ಷರದಲ್ಲಿ. ಮುನ್ನುಡಿಯಲ್ಲಿ ಹೆಡ್‌ಮಾಸ್ತರರಿಗೆ ನಮಸ್ಕಾರ, ಪ್ರೆಸ್ಸಿನ ಮಾಲೀಕರಿಗೆ ನಮಸ್ಕಾರ, ಕಾಗದ ತಂದುಕೊಟ್ಟ ಗೆಳೆಯನಿಗೂ ನಮಸ್ಕಾರ. ಹಾಡಿದವಳಿಗೆ ಇಲ್ಲ. ಇಪ್ಪತ್ತೆರಡರ ಹುಡುಗನ ಮೇಲೆ ನನಗೆ ಮೈ ಉರಿಯಿತು. ಎದುರಿಗೆ ಸಿಕ್ಕಿದ್ದರೆ ಕಿವಿ ಹಿಂಡುತ್ತಿದ್ದೆ.

ಮೂರು ತಿಂಗಳಾಯಿತು. ಮಾಸ್ತರರಿಗೆ ಏನೂ ಹೇಳಿರಲಿಲ್ಲ. ಅಬ್ಬಾ ಒಂದು ದಿನ ಮೆಲ್ಲಗೆ ಅಂದ: "ಅವರಿಗೆ ಕಣ್ಣ ಕಾಣೂದಿಲ್ಲ. ತಾಯಿ ಹೆಸರು ಯಾರನ್ನರ ಕೇಳಿ ತಿಳಕೋ. ಓದೂ ಮುಂದ ಸೇರಿಸಿ ಓದಿಬಿಡು. ಮುದುಕನ ಜೀವಕ್ಕ ಸಮಾಧಾನ ಆಕ್ಕೈತಿ."

ನನಗೂ ಆ ಯೋಚನೆ ಬಂದಿರಲಿಲ್ಲ ಅಂದರೆ ಸುಳ್ಳಾಗುತ್ತದೆ. ಆದರೆ ದನದ ಬೇನೆ ಬರೆಯಲಿಕ್ಕೆ ಒಂದು ವರ್ಷ ಕೊಟ್ಟಿಗೆಯಲ್ಲಿ ನಿಂತ ಮನುಷ್ಯನಿಗೆ ಇಲ್ಲದ್ದನ್ನು ಓದಿ ಹೇಳುವುದು ಹೇಗೆ? "ಹಾಳ ಮಾಡಿದ್ದು ಸಾಲದೇನು, ಸುಳ್ಳೂ ಹೇಳಬೇಕೇನು?" ಅಂತ ಹಾರಿಬಿದ್ದೆ. ಸಿಟ್ಟಿನಲ್ಲಿ ತೊಡೆಯ ಮೇಲಿನ ರಟ್ಟನ್ನು ತೆಗೆದು ನೆಲಕ್ಕೆ ಒಗೆದೆ.

ಅಬ್ಬಾ ಆ ರಟ್ಟನ್ನೇ ನೋಡುತ್ತ ಕೂತ. ಅದರ ಅಂಚಿಗೆ ಸವೆದು ಬೆಳ್ಳಗಾದ ಬಟ್ಟೆಯ ಪಟ್ಟಿ. ಮಡಿಕೆಯ ಸಂದಿಯಲ್ಲಿ ಮಾತ್ರ ಇಷ್ಟೇ ಇಷ್ಟು ಹಸಿರು ಉಳಿದಿತ್ತು.

"ಬೇಟಾ, ಅದನ್ನ ನಿನಗಂತ ಅದ ವರ್ಷ ಮಾಡಿಕೊಟ್ಟಿದ್ದೆ" ಅಂದ.

ಬಗಲಲ್ಲಿ ಕೂಸು ಇಟ್ಟುಕೊಂಡು ಊರೆಲ್ಲ ಹುಡುಕಿದವಳು ನಾನೇ. ಪತ್ತೇದಾರಿ, ನಾಟಕ, ಪದ್ಯ, ಪತ್ರ, ಆ ಮನುಷ್ಯನ ಅಷ್ಟೂ ಪುಸ್ತಕಗಳನ್ನು ನಾನು ಅವರ ಅವ್ವನ ಬೆನ್ನ ಮೇಲಿಟ್ಟು ಮಡಚಿದ್ದೆ. ನೀರಿಗೆ ಹಾಕಲು ಕೈ ಬರಲಿಲ್ಲ, ಅಬ್ಬಾನೇ ಹಾಕಿದ. ಮಧ್ಯಾಹ್ನದ ಹೊತ್ತಿಗೆ ನಾಲ್ಕನೇ ಫಾರ್ಮು ಅಂಗಳದ ಹಗ್ಗದ ಮೇಲೆ ಒಣಗುತ್ತಿತ್ತು. ಹದಿನಾರೂ ಪುಟ ನಿಂತಲ್ಲೇ, ಕತ್ತು ತಿರುವಿ ತಿರುವಿ ಓದಿದೆ. ಹೆಸರು ಇರಲಿಲ್ಲ.

ಆರೂ ಫಾರ್ಮು ಮಡಚಿ, ಹೊಲಿದು, ಹಸಿರು ಬೆನ್ನೇ ಹಾಕಿ ಮಾಸ್ತರರ ಮನೆಗೆ ಒಯ್ದೆವು. ಅಬ್ಬಾ ಹೊಸಿಲಿನಲ್ಲೇ ನಿಂತು ತನ್ನ ತಪ್ಪು ಹೇಳಿಕೊಂಡ. ಮಾಸ್ತರರು ದನಿ ಬಂದ ಕಡೆ ಮುಖ ತಿರುಗಿಸಿದರು.

"ಭಾಯಿ, ಬರ್ರಿ ಒಳಗ, ಕುಂಡ್ರಿ. ಕಟ್ಟಿದ್ದು ಮುನ್ನೂರು ಎಲ್ಲೆದಾವ ಹೇಳ್ರಿ? ನಾನ ಹಂಚಿ ಹಾಳ ಮಾಡಿದೆ. ನೀವು ಅಂಟು ಹಚ್ಚಿದ್ದು ಅಷ್ಟ ಉಳೀತು" ಅಂದರು. ನಕ್ಕರು. ಆಮೇಲೆ ನನಗೆ ಓದು ಅಂದರು.

ಮೊದಲ ಪುಟದಿಂದ ಓದಿದೆ. ಜೀವನದಲ್ಲಿ ಮೊದಲ ಸಲ ಅವರ ಪುಸ್ತಕವನ್ನು ನೆಟ್ಟಗೆ, ಸಾಲಾಗಿ ಓದಿದೆ. ಮುನ್ನುಡಿಯ ನಮಸ್ಕಾರಗಳನ್ನು ಒಂದೂ ಬಿಡಲಿಲ್ಲ. ಅವರು ತಲೆ ತಗ್ಗಿಸಿದರು. ಪದಗಳು ಶುರುವಾದ ಮೇಲೆ ಅವರ ಬಲಗೈ ತೊಡೆಯ ಮೇಲೆ ಸುತ್ತ ತಿರುಗತೊಡಗಿತು, ಬೀಸುಕಲ್ಲಿನ ಗೂಟ ಹಿಡಿದ ಹಾಗೆ. ಚಿಕ್ಕವರಿದ್ದಾಗ ಅವ್ವನ ಕೈ ಮೇಲೆ ಕೈ ಇಟ್ಟು ಬೀಸುತ್ತಿದ್ದರಂತೆ. ಐವತ್ತೇಳನೇ ಪುಟದಲ್ಲಿ ಇದು ಬಂತು:

ಹಿಟ್ಟು ಬೀಸುವ ಮುಂದ ಹಾಡಿದ ಹಾಡೇಸು
ಹಿಟ್ಟೆಲ್ಲ ಉಂಡು ಮುಗದೀತ | ನನ ಹಾಡು
ಬಿಟ್ಟಲ್ಲಿ ಮತ್ತ ಮೊಳತೀತ

ಹಗ್ಗದ ಮೇಲಿದ್ದಾಗ ಬರೀ ಹೆಸರು ಹುಡುಕುತ್ತ ಇದನ್ನು ದಾಟಿಹೋಗಿದ್ದೆ. ಅಕ್ಷರ ಬಾರದ ಹೆಂಗಸು, ಕೈಯಲ್ಲಿ ಜೋಳದ ಹಿಟ್ಟು, ಅವಳಿಗೆ ಇದು ಹೇಗೆ ಗೊತ್ತಾಯಿತು? ಅಬ್ಬಾ ಟೋಪಿ ತೆಗೆದು ಮುಖ ಒರೆಸಿಕೊಂಡ.

ಕಡೆಯ ಪುಟದವರೆಗೂ ಓದಿ ಮುಚ್ಚಿದೆ. ಅವರು ಕಾದು ಕೂತಿದ್ದರು. ಹೇಳಿದೆ: "ಇಲ್ರಿ ಮಾಸ್ತರ್ರ. ಎಲ್ಲೂ ಹಾಕಿಲ್ಲ."

"ಹೂಂ" ಅಂದರು. ಆ ಕೈ ಇನ್ನೂ ತಿರುಗುತ್ತಲೇ ಇತ್ತು. ಸ್ವಲ್ಪ ಹೊತ್ತಿನ ಮೇಲೆ ನಿಂತಿತು. "ನನಗ ಅನಿಸಿತ್ತು. ಆತು ಏಳು, ಕಚೇರಿ ಬಾಗಲ ಹಾಕೂದ್ರೊಳಗ ಹೋಗೂಣು."

ಆಟೋದಲ್ಲಿ ಮೂವರೂ ಹೋದೆವು. ಗುಮಾಸ್ತ ಇಪ್ಪತ್ಮೂರು ಪುಸ್ತಕಗಳನ್ನು ಮೇಜಿನ ಮೇಲೆ ಜೋಡಿಸಿಕೊಂಡು, ದನದ ಪುಸ್ತಕವನ್ನೂ ಪತ್ತೇದಾರಿಯನ್ನೂ ಎತ್ತಿ ನೋಡಿ, "ಎಲ್ಲಾ ನಿಮ್ಮವೇನ್ರೀ?" ಅಂತ ಬಾಯಿ ಬಿಟ್ಟ.

"ಇಪ್ಪತ್ತೆರಡು ನನ್ನವು. ಈ ಹಸರಂದು ಬ್ಯಾರೆ. ಇದಕ್ಕ ಹೊಸಾ ಸಾಲು ಹಾಕ್ರಿ" ಅಂತ ಮಾಸ್ತರರು ಬಾಗಿ, ಅವ್ವನ ಹೆಸರನ್ನು ಒಂದೊಂದೇ ಅಕ್ಷರ ಬಿಡಿಸಿ ಹೇಳಿದರು. ನಾನೂ ಆಗಲೇ ಮೊದಲ ಸಲ ಕೇಳಿದ್ದು.

"ಬುಕ್ಕಿನ ಮ್ಯಾಲೆ ನಿಮ್ಮ ಹೆಸರ ಐತಲ್ರಿ?"

"ಅದು ಅಚ್ಚಿನ ತಪ್ಪು. ನಂದ ತಪ್ಪು. ನಾ ಸಹಿ ಮಾಡಿಕೊಡ್ತೇನಿ, ಬರೀರಿ."

ಗುಮಾಸ್ತ ನನ್ನನ್ನು ನೋಡಿದ, ಅಬ್ಬಾನನ್ನು ನೋಡಿದ. ಆಮೇಲೆ ಪೆನ್ನಿನ ಮುಚ್ಚಳ ತೆಗೆದು ಹೊಸ ಸಾಲಿನಲ್ಲಿ ಹೆಸರು ಬರೆದ. ಊರು ಕೇಳಿ ಬರೆದ. ಮುಂದಿನ ಖಾನೆ ವಿದ್ಯಾಭ್ಯಾಸದ್ದು.

"ಏನ್ ಓದ್ಯಾರ್ರಿ ಇವರು?"

"ಏನೂ ಓದಿಲ್ಲ" ಅಂದರು ಮಾಸ್ತರರು. "ಬೀಸ್ಯಾಳ."

ಗುಮಾಸ್ತ ಅದನ್ನೇ ಬರೆದುಕೊಂಡ.